ಒಟ್ಟು ಎಷ್ಟು ಕಟ್ಟುತ್ತೇವೆ?

ಮನೆ ಸಾಲ ಕೇಳಿಕೊಂಡು ಬ್ಯಾಂಕಿಗೆ ಹೋದವರು ಮೊದಲು ಕೇಳುವ ಪ್ರಶ್ನೆ ಒಂದೇ. ‘ತಿಂಗಳಿಗೆ ಎಷ್ಟು ಬೀಳುತ್ತೆ ಸಾರ್?’ ಎರಡನೆಯದು, ‘ಬಡ್ಡಿ ಎಷ್ಟು?’ ಮೂರನೆಯ ಪ್ರಶ್ನೆ ಒಂದಿದೆ. ಅದು ಬಾಯಿಗೆ ಬರುವುದು ಅಪರೂಪ. ‘ಕೊನೆಗೆ ಒಟ್ಟು ಎಷ್ಟು ಕಟ್ಟಿರುತ್ತೇನೆ?’ ಇವತ್ತಿನ ನನ್ನ ಮಾತೆಲ್ಲ ಆ ಮೂರನೆಯ ಪ್ರಶ್ನೆಯನ್ನು ಕುರಿತದ್ದು.

ಕೈಗೆ ಸಿಗುವಂತೆ ಕಾಗದ, ಪೆನ್ಸಿಲ್ ಇದ್ದರೆ ಇಟ್ಟುಕೊಳ್ಳಿ. ಇಲ್ಲದಿದ್ದರೂ ಪರವಾಗಿಲ್ಲ. ಅಂಕಿಗಳನ್ನು ದುಂಡಗೆ ಮಾಡಿ ಹೇಳುತ್ತೇನೆ. ಉದಾಹರಣೆಯೂ ಬಹುಮಟ್ಟಿಗೆ ಒಂದೇ.

ಮೈಸೂರಿನಲ್ಲೋ ದಾವಣಗೆರೆಯಲ್ಲೋ ಒಬ್ಬರು ಮನೆ ಕೊಳ್ಳುತ್ತಿದ್ದಾರೆ ಎನ್ನಿ. ಸಾಲ 30 ಲಕ್ಷ. ಬಡ್ಡಿ ಶೇಕಡ ಎಂಟೂವರೆ. ಅವಧಿ 20 ವರ್ಷ. ತಿಂಗಳ ಕಂತು 26 ಸಾವಿರ ರೂಪಾಯಿ ಆಗುತ್ತದೆ. ಇಪ್ಪತ್ತು ವರ್ಷಕ್ಕೆ 240 ಕಂತು. ಗುಣಿಸಿ ನೋಡಿ. ಸುಮಾರು ಅರವತ್ತೆರಡೂವರೆ ಲಕ್ಷ. ಅಂದರೆ 30 ಲಕ್ಷದ ಸಾಲಕ್ಕೆ ಬಡ್ಡಿಯೇ ಮೂವತ್ತೆರಡೂವರೆ ಲಕ್ಷ. ಬಡ್ಡಿ ಅಸಲನ್ನು ದಾಟಿತು.

ಇದನ್ನು ಕೇಳಿದ ಕೂಡಲೇ ಕೆಲವರಿಗೆ ಸಿಟ್ಟು ಬರುತ್ತದೆ. ‘ಎಂಟೂವರೆ ಅಂದಿರಿ, ನೂರಕ್ಕೆ ನೂರು ತಗೊಂಡಿರಲ್ಲ!’ ಎನ್ನುತ್ತಾರೆ. ಇದರಲ್ಲಿ ಮೋಸವಿಲ್ಲ. ಎಂಟೂವರೆ ಎನ್ನುವುದು ಒಂದು ವರ್ಷದ ಬಾಡಿಗೆ. ನಾವು ಆ ಹಣವನ್ನು ಇಪ್ಪತ್ತು ವರ್ಷ ಇಟ್ಟುಕೊಂಡಿದ್ದೇವೆ. ಸಾಲದ ಬೆಲೆಯನ್ನು ನಿರ್ಧರಿಸುವುದರಲ್ಲಿ ದರದ ಪಾಲು ಇದೆ. ವರ್ಷಗಳ ಪಾಲು ಅದಕ್ಕಿಂತ ಬಹಳ ದೊಡ್ಡದು.

ಅದು ಹೇಗೆ ಎಂದು ನೋಡೋಣ. ಮೊದಲ ತಿಂಗಳಿಗೆ ಬನ್ನಿ. ನಿಮ್ಮ ಮೇಲೆ ಇರುವ ಬಾಕಿ ಪೂರ್ತಿ 30 ಲಕ್ಷ. ಅದಕ್ಕೆ ಒಂದು ತಿಂಗಳ ಬಡ್ಡಿ 21 ಸಾವಿರಕ್ಕೂ ಸ್ವಲ್ಪ ಹೆಚ್ಚು. ನೀವು ಕಟ್ಟಿದ್ದು 26 ಸಾವಿರ. ಬಡ್ಡಿ ಕಳೆದ ಮೇಲೆ ಅಸಲಿಗೆ ಹೋಗುವುದು ಐದು ಸಾವಿರವೂ ಇಲ್ಲ. ಎರಡನೆಯ ತಿಂಗಳು ಬಾಕಿ ಅಷ್ಟು ಕಡಿಮೆ. ಬಡ್ಡಿ ಒಂದು ಮೂವತ್ತು ನಲವತ್ತು ರೂಪಾಯಿ ಇಳಿಯುತ್ತದೆ. ಅಸಲಿಗೆ ಅಷ್ಟೇ ಹೆಚ್ಚು ಸೇರುತ್ತದೆ. ಹೀಗೆ ತಿಂಗಳಿಗಿಷ್ಟು ಎಂದು ಸಾಗುತ್ತದೆ.

ಬ್ಯಾಂಕು ಕೊಡುವ ಮರುಪಾವತಿ ಪಟ್ಟಿಯಲ್ಲಿ ಇದೆಲ್ಲ ಇರುತ್ತದೆ. ಪಟ್ಟಿ ನಿಮ್ಮ ಕಣ್ಣ ಮುಂದೆ ಇಲ್ಲ, ನಾನೇ ಓದಿ ಹೇಳುತ್ತೇನೆ. ಎಡಗಡೆ ತಿಂಗಳು. ಪಕ್ಕದಲ್ಲಿ ಕಂತು, ಅದು ಮೇಲಿನಿಂದ ಕೆಳಗಿನವರೆಗೂ ಒಂದೇ. ಆಮೇಲೆ ಬಡ್ಡಿ, ಆಮೇಲೆ ಅಸಲು, ಕೊನೆಯಲ್ಲಿ ಬಾಕಿ. ಆ ಬಾಕಿಯ ಸಾಲನ್ನು ಮಾತ್ರ ಹಿಡಿದು ಕೆಳಗೆ ಇಳಿಯಿರಿ. ಐದು ವರ್ಷ ಮುಗಿಯಿತು. ನೀವು ಹದಿನೈದೂವರೆ ಲಕ್ಷ ಕಟ್ಟಿದ್ದೀರಿ. ಬಾಕಿ ಎಷ್ಟು? ಇಪ್ಪತ್ತಾರೂವರೆ ಲಕ್ಷದ ಹತ್ತಿರ. ಹತ್ತು ವರ್ಷ ಮುಗಿಯಿತು. ಅರ್ಧ ದಾರಿ ಬಂದೆವು ಎಂದು ಮನಸ್ಸು ಹೇಳುತ್ತದೆ. ಬಾಕಿ ಇನ್ನೂ 21 ಲಕ್ಷ. ಅಸಲು ನಿಜವಾಗಿ ಅರ್ಧಕ್ಕೆ ಬರುವುದು ಹದಿನಾಲ್ಕನೆಯ ವರ್ಷದ ಕೊನೆಯಲ್ಲಿ. ಉಳಿದ ಅರ್ಧ ಆರೇ ವರ್ಷದಲ್ಲಿ ಕರಗಿ ಹೋಗುತ್ತದೆ.

ಐದನೆಯ ವರ್ಷಕ್ಕೆ ಮನೆ ಮಾರಿ ಇನ್ನೊಂದು ಕೊಳ್ಳೋಣ ಎಂದು ಹೊರಟವರಿಗೆ ಈ ಪಟ್ಟಿ ತಣ್ಣೀರು ಎರಚುತ್ತದೆ. ಅವರು ಕಟ್ಟಿದ್ದರಲ್ಲಿ ಹನ್ನೆರಡು ಲಕ್ಷ ಬಡ್ಡಿಯೇ.

ಎಲ್ಲ ಸಾಲಗಳೂ ಹೀಗೇ ನಡೆಯಬೇಕೆಂಬ ನಿಯಮವೇನೂ ಇಲ್ಲ. ಕೇಂದ್ರ ಸರ್ಕಾರಿ ನೌಕರರಿಗೆ ಮನೆ ಕಟ್ಟಲು ಕೊಡುವ ಮುಂಗಡವನ್ನೇ ನೋಡಿ. ಅಲ್ಲಿ ಮೊದಲು ಅಸಲನ್ನು ಹೆಚ್ಚೆಂದರೆ 180 ತಿಂಗಳಲ್ಲಿ ವಸೂಲು ಮಾಡುತ್ತಾರೆ. ಬಡ್ಡಿಯನ್ನು ಆಮೇಲೆ 60 ತಿಂಗಳಲ್ಲಿ. ಅದೂ ಸರಳ ಬಡ್ಡಿ. ನಮ್ಮ ತಂದೆಯವರ ಕಾಲದ ನೌಕರಿಯವರು ‘ಸರ್ಕಾರದ ಸಾಲ ಹಗುರ’ ಎನ್ನುತ್ತಿದ್ದುದು ಸುಮ್ಮನೆ ಅಲ್ಲ. ಉಳಿದವರು ಪಿ.ಎಫ್., ಗ್ರಾಚ್ಯುಟಿ ಕೈಗೆ ಬಂದ ಮೇಲೆ ಮನೆಗೆ ಗುದ್ದಲಿ ಪೂಜೆ ಮಾಡುತ್ತಿದ್ದರು. ಮಧ್ಯಮ ವರ್ಗದವರು ನಡುವಯಸ್ಸಿನಲ್ಲೇ ಮನೆ ಸಾಲ ಪಡೆಯುವ ರೂಢಿ ಹಬ್ಬಿದ್ದು ಈಚೆಗೆ. ಅದಕ್ಕೆಂದೇ ಎಚ್‌ಡಿಎಫ್‌ಸಿ ಸಂಸ್ಥೆ ಹುಟ್ಟಿದ್ದು 1977ರಲ್ಲಿ. ನಮ್ಮ ಬೆಂಗಳೂರಿನಲ್ಲೇ ಕೆನರಾ ಬ್ಯಾಂಕು ಕ್ಯಾನ್ ಫಿನ್ ಹೋಮ್ಸ್ ಆರಂಭಿಸಿದ್ದು 1987ರಲ್ಲಿ. ಇರಲಿ, ಚರಿತ್ರೆ ಇಂದಿನ ವಿಷಯವಲ್ಲ.

ಇಲ್ಲಿಯವರೆಗೆ ಹೇಳಿದ್ದು ಇಷ್ಟು. ಎಂಟೂವರೆ ದರದಲ್ಲಿ ಇಪ್ಪತ್ತು ವರ್ಷದ ಸಾಲ ಎರಡು ಪಟ್ಟು ದಾಟುತ್ತದೆ. ಮೊದಲ ವರ್ಷಗಳ ಕಂತಿನಲ್ಲಿ ಹೆಚ್ಚಿನದು ಬಡ್ಡಿ. ಈಗ ಅವಧಿಯನ್ನೇ ಕೈಯಲ್ಲಿ ಹಿಡಿದು ಎಳೆದು ನೋಡೋಣ, ಕುಗ್ಗಿಸಿ ನೋಡೋಣ.

ಅದೇ 30 ಲಕ್ಷ, ಅದೇ ಎಂಟೂವರೆ. ಅವಧಿಯನ್ನು ಮಾತ್ರ 30 ವರ್ಷ ಮಾಡಿ. ಕಂತು 23 ಸಾವಿರಕ್ಕೆ ಇಳಿಯುತ್ತದೆ. ತಿಂಗಳಿಗೆ ಮೂರು ಸಾವಿರ ಉಳಿಯಿತು. ಮನೆಯಲ್ಲಿ ಎಲ್ಲರಿಗೂ ಸಮಾಧಾನ. ಆದರೆ ಒಟ್ಟು ಬಡ್ಡಿ? 53 ಲಕ್ಷ. ತಿಂಗಳಿಗೆ ಮೂರು ಸಾವಿರ ಉಳಿಸಲು ಹೋಗಿ 20 ಲಕ್ಷಕ್ಕೂ ಹೆಚ್ಚು ಕಟ್ಟಿದೆವು.

ಇನ್ನು ಅವಧಿಯನ್ನು 15 ವರ್ಷಕ್ಕೆ ತನ್ನಿ. ಕಂತು ಇಪ್ಪತ್ತೊಂಬತ್ತೂವರೆ ಸಾವಿರ. ತಿಂಗಳಿಗೆ ಮೂರೂವರೆ ಸಾವಿರ ಹೆಚ್ಚು. ಬಡ್ಡಿ ಮಾತ್ರ 23 ಲಕ್ಷಕ್ಕೆ ಇಳಿಯುತ್ತದೆ. ಒಂಬತ್ತು ಲಕ್ಷ ಉಳಿತಾಯ, ಐದು ವರ್ಷ ಮುಂಚೆ ಬಿಡುಗಡೆ.

ಇಲ್ಲಿ ಒಂದು ವಿಚಿತ್ರ ಗಮನಿಸಿ. ಕಾಲು ಪರ್ಸೆಂಟ್ ಬಡ್ಡಿ ಕಡಿಮೆ ಮಾಡಿಸಲು ಜನ ನಾಲ್ಕು ಬ್ಯಾಂಕು ಸುತ್ತುತ್ತಾರೆ. ಪರಿಚಯದವರಿಂದ ಫೋನು ಮಾಡಿಸುತ್ತಾರೆ. ಸುತ್ತಲಿ, ತಪ್ಪಿಲ್ಲ. ನಮ್ಮ ಉದಾಹರಣೆಯಲ್ಲಿ ಕಾಲು ಪರ್ಸೆಂಟ್ ಇಳಿದರೆ ಇಪ್ಪತ್ತು ವರ್ಷಕ್ಕೆ ಒಂದು ಲಕ್ಷ ಚಿಲ್ಲರೆ ಉಳಿಯುತ್ತದೆ. ಅದೇ ಜನ, ‘ಅವಧಿ ಎಷ್ಟು ಹಾಕಲಿ?’ ಎಂದು ಕೇಳಿದರೆ, ‘ಎಷ್ಟು ಹೆಚ್ಚು ಕೊಡ್ತೀರೋ ಅಷ್ಟು ಹಾಕಿ ಸಾರ್’ ಎನ್ನುತ್ತಾರೆ. ಒಂದು ಲಕ್ಷಕ್ಕೆ ಹೋರಾಡಿ ಇಪ್ಪತ್ತು ಲಕ್ಷವನ್ನು ಮೇಜಿನ ಮೇಲೆ ಬಿಟ್ಟು ಬರುವುದು ಹೀಗೆ.

ಅವಧಿ ನಾವಾಗಿ ಕೇಳಿದಾಗ ಮಾತ್ರ ಉದ್ದವಾಗುತ್ತದೆ ಎಂದುಕೊಳ್ಳಬೇಡಿ. ಕೇಳದೆಯೂ ಉದ್ದವಾಗುತ್ತದೆ. ಈ ಭಾಗವನ್ನು ಸ್ವಲ್ಪ ನಿಧಾನವಾಗಿ ಹೇಳುತ್ತೇನೆ.

ಇಂದಿನ ಮನೆ ಸಾಲಗಳಲ್ಲಿ ಹೆಚ್ಚಿನವು ಬದಲಾಗುವ ಬಡ್ಡಿಯವು. ಫ್ಲೋಟಿಂಗ್ ದರ ಎನ್ನುತ್ತಾರಲ್ಲ, ಅದು. 2019ರ ಅಕ್ಟೋಬರ್‌ನಿಂದ ಬ್ಯಾಂಕುಗಳು ಹೊಸ ಫ್ಲೋಟಿಂಗ್ ಸಾಲಗಳನ್ನು ಹೊರಗಿನ ಒಂದು ಮಾನದಂಡಕ್ಕೆ ಕಟ್ಟಬೇಕು. ಬಹುತೇಕ ಬ್ಯಾಂಕುಗಳು ಕಟ್ಟಿರುವುದು ರಿಸರ್ವ್ ಬ್ಯಾಂಕಿನ ರೆಪೊ ದರಕ್ಕೆ. ರೆಪೊ ಏರಿದರೆ ನಿಮ್ಮ ಬಡ್ಡಿ ಏರುತ್ತದೆ. ಇಳಿದರೆ ಇಳಿಯುತ್ತದೆ.

2020ರ ಮೇ ತಿಂಗಳಲ್ಲಿ ರೆಪೊ ಶೇಕಡ 4ಕ್ಕೆ ಇಳಿದಿತ್ತು. ಮನೆ ಸಾಲ ಆರೂವರೆ, ಏಳಕ್ಕೆ ಸಿಗುತ್ತಿತ್ತು. ಆಮೇಲೆ 2022ರ ಮೇ ತಿಂಗಳಿಂದ 2023ರ ಫೆಬ್ರವರಿಯೊಳಗೆ ರೆಪೊ ಎರಡೂವರೆ ಪರ್ಸೆಂಟ್ ಏರಿ ಆರೂವರೆಗೆ ನಿಂತಿತು. ಹತ್ತು ತಿಂಗಳೊಳಗೆ ಇಷ್ಟು ಏರಿಕೆ.

ಈಗ ಲೆಕ್ಕ. 2021ರ ಆರಂಭದಲ್ಲಿ ಒಬ್ಬರು 30 ಲಕ್ಷ ಸಾಲ ಪಡೆದರು. ದರ ಆರೂವರೆ, ಅವಧಿ 20 ವರ್ಷ. ಕಂತು ಇಪ್ಪತ್ತೆರಡೂವರೆ ಸಾವಿರದ ಒಳಗೆ. ಎರಡು ವರ್ಷ ಕಟ್ಟಿದರು. ಬಾಕಿ ಇಪ್ಪತ್ತೆಂಟೂವರೆ ಲಕ್ಷದ ಹತ್ತಿರ, ಉಳಿದದ್ದು 18 ವರ್ಷ. ಆಗ ದರ ಒಂಬತ್ತಾಯಿತು ಎನ್ನಿ. ಬ್ಯಾಂಕು ಕಂತನ್ನು ಮುಟ್ಟಲಿಲ್ಲ. ಪ್ರತಿ ತಿಂಗಳೂ ಅದೇ ತಾರೀಖಿಗೆ ಅದೇ ಮೊತ್ತ ಖಾತೆಯಿಂದ ಕತ್ತರಿಸುತ್ತಿದೆ. ಮನೆಯವರಿಗೆ ಏನೂ ಗೊತ್ತಾಗಲಿಲ್ಲ. ಆದರೆ ಈಗ ತಿಂಗಳ ಬಡ್ಡಿಯೇ 21 ಸಾವಿರ ಮೀರಿದೆ. ಅಸಲಿಗೆ ಹೋಗುವುದು ಒಂದು ಸಾವಿರ. ಈ ವೇಗದಲ್ಲಿ ಸಾಲ ತೀರಲು ಎಷ್ಟು ಕಾಲ ಬೇಕು? 18 ವರ್ಷ ಇದ್ದದ್ದು 34 ವರ್ಷ! ಮೂವತ್ತೈದನೆಯ ವಯಸ್ಸಿನಲ್ಲಿ ಸಾಲ ಮಾಡಿದವರು ಎಪ್ಪತ್ತು ದಾಟಿದರೂ ಕಂತು ಕಟ್ಟಬೇಕು.

ನಿವೃತ್ತಿಯ ವಯಸ್ಸು ಅಡ್ಡ ಬರುವುದರಿಂದ ಬ್ಯಾಂಕುಗಳು ಅಷ್ಟು ದೂರ ಎಳೆಯಲಾರವು. ಎಲ್ಲೋ ಒಂದು ಕಡೆ ಕಂತು ಏರಿಸಲೇಬೇಕು. ಹದಿನೆಂಟೇ ವರ್ಷದಲ್ಲಿ ಮುಗಿಯಬೇಕಾದರೆ ಅವರ ಕಂತು ತಿಂಗಳಿಗೆ ನಾಲ್ಕು ಸಾವಿರಕ್ಕೂ ಸ್ವಲ್ಪ ಹೆಚ್ಚು ಏರಬೇಕಿತ್ತು. ನೋವು ಹೌದು. ಆದರೆ ಕಣ್ಣಿಗೆ ಕಾಣುವ ನೋವು.

2023ರ ಆಗಸ್ಟ್‌ನಲ್ಲಿ ರಿಸರ್ವ್ ಬ್ಯಾಂಕು ಇದಕ್ಕೊಂದು ಕಟ್ಟಳೆ ತಂದಿತು. ದರ ಏರಿದಾಗ ಸಾಲಗಾರರಿಗೆ ತಿಳಿಸಬೇಕು. ಕಂತು ಏರಿಸುವುದೋ, ಅವಧಿ ಉದ್ದ ಮಾಡುವುದೋ, ಎರಡನ್ನೂ ಸ್ವಲ್ಪ ಸ್ವಲ್ಪವೋ ಎಂದು ಕೇಳಬೇಕು. ಮೂರು ತಿಂಗಳಿಗೊಮ್ಮೆ ಲೆಕ್ಕಪತ್ರ ಕೊಡಬೇಕು. ಅದರಲ್ಲಿ ಇನ್ನೆಷ್ಟು ಕಂತು ಉಳಿದಿವೆ ಎಂದು ಇರಬೇಕು. ದಯವಿಟ್ಟು ಆ ಒಂದು ಅಂಕಿಯನ್ನು ನೋಡಿ. ಕಂತಿನ ಮೊತ್ತವಲ್ಲ, ಕಂತುಗಳ ಸಂಖ್ಯೆ. ಹೋದ ವರ್ಷ 200 ಇದ್ದದ್ದು ಈ ವರ್ಷ 215 ಆಗಿದ್ದರೆ, ನೀವು ಹನ್ನೆರಡು ತಿಂಗಳು ಕಟ್ಟಿಯೂ ಹಿಂದಕ್ಕೆ ನಡೆದಿದ್ದೀರಿ.

ದರ ಇಳಿಯುವಾಗಲೂ ಒಂದು ಕಣ್ಣಿಡಬೇಕು. 2025ರಲ್ಲಿ ರೆಪೊ ಹಂತ ಹಂತವಾಗಿ ಆರೂವರೆಯಿಂದ ಐದೂಕಾಲಕ್ಕೆ ಇಳಿಯಿತು. ರೆಪೊಗೆ ಕಟ್ಟಿದ ಸಾಲಗಳಿಗೆ ಅದರ ಲಾಭ ಬೇಗ ತಲುಪುತ್ತದೆ. ಹಳೆಯ ಪದ್ಧತಿಯ ಸಾಲಗಳು, ಅಂದರೆ 2019ಕ್ಕೆ ಮುಂಚಿನ ಎಂಸಿಎಲ್‌ಆರ್, ಬೇಸ್ ರೇಟ್ ಸಾಲಗಳು ಇನ್ನೂ ಇವೆ. ಅವಕ್ಕೆ ಆ ವೇಗವಿಲ್ಲ. ಗೃಹ ಹಣಕಾಸು ಕಂಪನಿಗಳಿಗಂತೂ ರೆಪೊಗೆ ಕಟ್ಟಬೇಕೆಂಬ ನಿಯಮವೇ ಅನ್ವಯಿಸುವುದಿಲ್ಲ. ನಿಮ್ಮ ಸಾಲ ಯಾವ ಗೂಟಕ್ಕೆ ಕಟ್ಟಿದೆ ಎಂದು ಬ್ಯಾಂಕಿನಲ್ಲಿ ಕೇಳಿ. ಬದಲಾಯಿಸಿಕೊಳ್ಳಲು ಒಂದಿಷ್ಟು ಶುಲ್ಕ ಆದೀತು. ಹತ್ತು ಹನ್ನೆರಡು ವರ್ಷ ಬಾಕಿ ಇರುವವರಿಗೆ ಅದು ಸಾಮಾನ್ಯವಾಗಿ ಗಿಟ್ಟುತ್ತದೆ.

ಕಂತು ಬಿಡುವುದರ ಕಥೆಯೂ ಇದೇ. 2020ರ ಮಾರ್ಚ್‌ನಿಂದ ಆಗಸ್ಟ್‌ವರೆಗೆ, ಕೋವಿಡ್ ಕಾಲದಲ್ಲಿ, ಆರು ತಿಂಗಳ ಕಂತಿಗೆ ಬಿಡುವು ಸಿಕ್ಕಿತ್ತು. ಸಂಬಳ ನಿಂತವರಿಗೆ ಅದು ಜೀವ ಉಳಿಸಿತು. ಸಂಬಳ ಬರುತ್ತಿದ್ದ ಕೆಲವರೂ ‘ಹೇಗೂ ಬಿಡುವು ಕೊಟ್ಟಿದ್ದಾರಲ್ಲ’ ಎಂದು ತೆಗೆದುಕೊಂಡರು. ಬಿಡುವು ಕಂತಿಗೆ ಇತ್ತು, ಬಡ್ಡಿಗೆ ಇರಲಿಲ್ಲ. ನಮ್ಮ ಉದಾಹರಣೆಯ ಸಾಲದಲ್ಲಿ ಎರಡನೆಯ ವರ್ಷ ಆರು ಕಂತು ಬಿಟ್ಟು, ಕಂತಿನ ಮೊತ್ತ ಹಾಗೇ ಇಟ್ಟರೆ, ಕೊನೆಯಲ್ಲಿ ಮೂವತ್ತಕ್ಕೂ ಹೆಚ್ಚು ಕಂತು ಸೇರಿಕೊಳ್ಳುತ್ತವೆ.

ಹಾಗಾದರೆ ಎರಡು ವಿಷಯ ಆಯಿತು. ನಾವೇ ಕೇಳಿ ಪಡೆದ ಉದ್ದದ ಅವಧಿ ಒಂದು. ನಮಗೆ ಗೊತ್ತಾಗದಂತೆ ಉದ್ದವಾಗುವ ಅವಧಿ ಇನ್ನೊಂದು. ಇವೆರಡರ ಜೊತೆಗೆ, ಸಾಲದೊಳಗೆ ನುಸುಳಿ ವರ್ಷಗಟ್ಟಲೆ ಬಡ್ಡಿ ತಿನ್ನುವ ಸಣ್ಣ ಖರ್ಚುಗಳಿವೆ.

ಅವುಗಳಲ್ಲಿ ನನಗೆ ಹೆಚ್ಚು ತಕರಾರು ಇರುವುದು ವಿಮೆಯ ಬಗ್ಗೆ. ಸಾಲ ಮಂಜೂರಾಗುವ ಹೊತ್ತಿಗೆ ಸಾಲದ ಮೇಲೆ ಜೀವವಿಮೆ ಮಾಡಿಸಿ ಎನ್ನುತ್ತಾರೆ. ಒಂದೇ ಸಲ ಕಟ್ಟುವ ಕಂತು, ಒಂದು ಲಕ್ಷ ಎನ್ನಿ. ‘ಕೈಯಿಂದ ಕೊಡಬೇಡಿ, ಸಾಲಕ್ಕೇ ಸೇರಿಸುತ್ತೇವೆ’ ಎನ್ನುತ್ತಾರೆ. ಉಪಕಾರದ ಮಾತಿನಂತೆ ಕೇಳುತ್ತದೆ. ಆ ಒಂದು ಲಕ್ಷಕ್ಕೆ ಇಪ್ಪತ್ತು ವರ್ಷ ಎಂಟೂವರೆ ಬಡ್ಡಿ ಬಿದ್ದು, ನೀವು ಎರಡು ಲಕ್ಷ ಎಂಟು ಸಾವಿರ ಕಟ್ಟಿರುತ್ತೀರಿ. ಸಾಲಗಾರರಿಗೆ ಜೀವವಿಮೆ ಬೇಕು, ಅದರಲ್ಲಿ ಎರಡು ಮಾತಿಲ್ಲ. ದುಡಿಯುವವರು ಇಲ್ಲವಾದರೆ ಮನೆಯವರ ಮೇಲೆ ಸಾಲ ಬೀಳಬಾರದು. ಆದರೆ ಈ ವಿಮೆಯನ್ನು ಬ್ಯಾಂಕಿನ ಮೂಲಕವೇ ಕೊಳ್ಳಬೇಕೆಂದು ಕಾನೂನಿನಲ್ಲಿ ಕಡ್ಡಾಯವಿಲ್ಲ. ಹೊರಗೆ ಸಾದಾ ಟರ್ಮ್ ಪಾಲಿಸಿ ವಿಚಾರಿಸಿ, ಎರಡರ ಬೆಲೆ ಹೋಲಿಸಿ.

ಕಟ್ಟುತ್ತಿರುವ ಅಪಾರ್ಟ್‌ಮೆಂಟಿಗೆ ಸಾಲ ಮಾಡಿದವರಿಗೆ ಪ್ರೀ-ಇಎಂಐ ಎಂಬುದು ಗೊತ್ತು. ಬಿಲ್ಡರ್‌ಗೆ ಬ್ಯಾಂಕು ಹಂತ ಹಂತವಾಗಿ ಹಣ ಕೊಡುತ್ತದೆ. ಕೊಟ್ಟಷ್ಟಕ್ಕೆ ಬಡ್ಡಿ ಮಾತ್ರ ನಾವು ಕಟ್ಟುತ್ತೇವೆ. ಅಸಲು ಒಂದು ರೂಪಾಯಿಯೂ ಇಳಿಯುವುದಿಲ್ಲ. ಸರಾಸರಿ 15 ಲಕ್ಷ ಹೊರಗೆ ಇದ್ದು ಮೂರು ವರ್ಷ ಹೀಗೆ ಸಾಗಿದರೆ ಮೂರೂ ಮುಕ್ಕಾಲು ಲಕ್ಷ ಹೋಯಿತು. ಜೊತೆಗೆ ಇರುವ ಮನೆಗೆ ಬಾಡಿಗೆ ಬೇರೆ. ಇಪ್ಪತ್ತು ವರ್ಷದ ಗಡಿಯಾರ ಇನ್ನೂ ಶುರುವಾಗಿಲ್ಲ.

ಪ್ರೊಸೆಸಿಂಗ್ ಶುಲ್ಕ, ವಕೀಲರ ಅಭಿಪ್ರಾಯ, ಮೌಲ್ಯಮಾಪನ, ಅಡಮಾನ ಪತ್ರದ ಮುದ್ರಾಂಕ, ಇವೆಲ್ಲ ಒಂದೇ ಸಲದ ಖರ್ಚು. 2024ರ ಅಕ್ಟೋಬರ್‌ನಿಂದ ಹೊಸ ಸಾಲಗಳಿಗೆ ಬ್ಯಾಂಕು ಒಂದು ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್ ಕೊಡಬೇಕು. ಸಾಲಕ್ಕೆ ತಗಲುವ ಶುಲ್ಕಗಳನ್ನೂ ಸೇರಿಸಿದ ವಾರ್ಷಿಕ ದರ ಅದರಲ್ಲಿ ಇರುತ್ತದೆ. ಜಾಹೀರಾತಿನ ದರಕ್ಕಿಂತ ಅದು ತುಸು ಹೆಚ್ಚಿರುತ್ತದೆ. ಎರಡು ಬ್ಯಾಂಕುಗಳನ್ನು ಹೋಲಿಸಬೇಕಾದ್ದು ಆ ದರದಲ್ಲಿ.

ಇಲ್ಲಿ ಯಾರಾದರೂ ‘ತೆರಿಗೆ ಉಳಿಯುತ್ತದಲ್ಲ’ ಎಂದು ಕೇಳುತ್ತಿರಬಹುದು. ಹಳೆಯ ತೆರಿಗೆ ಪದ್ಧತಿಯಲ್ಲಿ, ನಾವೇ ವಾಸಿಸುವ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗೆ ಕಡಿತ ಇದೆ. ಹೊಸ ಪದ್ಧತಿಯಲ್ಲಿ ಅದಿಲ್ಲ. ಹಳೆಯದರಲ್ಲೇ ಇದ್ದೀರಿ, ಶೇಕಡ 30ರ ಹಂತದಲ್ಲಿದ್ದೀರಿ ಎನ್ನಿ. ಮೊದಲ ವರ್ಷ ಎರಡೂವರೆ ಲಕ್ಷ ಬಡ್ಡಿ ಕಟ್ಟಿ 60 ಸಾವಿರ ಚಿಲ್ಲರೆ ಉಳಿಸಿದಿರಿ. ಒಳ್ಳೆಯದು. ಆದರೆ ತೆರಿಗೆ ಉಳಿಸಲೆಂದೇ ಸಾಲವನ್ನು ಬೇಗ ತೀರಿಸದೆ ಇಟ್ಟುಕೊಳ್ಳುತ್ತೇನೆ ಎನ್ನುವವರ ತರ್ಕ ನನಗೆ ಈವರೆಗೆ ಹಿಡಿಸಿಲ್ಲ.

ಇಷ್ಟು ಹೊತ್ತು ಸಾಲದ ಭಾರವನ್ನೇ ಹೇಳಿದೆ. ಇನ್ನೊಂದು ತಟ್ಟೆಗೂ ತೂಕ ಹಾಕದಿದ್ದರೆ ಲೆಕ್ಕ ಪ್ರಾಮಾಣಿಕವಾಗುವುದಿಲ್ಲ. ಇಪ್ಪತ್ತು ವರ್ಷದ ನಂತರದ 26 ಸಾವಿರ ಇವತ್ತಿನ 26 ಸಾವಿರ ಅಲ್ಲ. ಹಣದುಬ್ಬರಕ್ಕೆ ರಿಸರ್ವ್ ಬ್ಯಾಂಕಿನ ಮುಂದಿರುವ ಗುರಿ ಶೇಕಡ 4. ಆ ಪ್ರಮಾಣದಲ್ಲೇ ಬೆಲೆಗಳು ಏರಿದರೂ ಕೊನೆಯ ಕಂತಿನ ಬೆಲೆ ಇಂದಿನ 12 ಸಾವಿರಕ್ಕೆ ಸಮ. ಅರವತ್ತೆರಡೂವರೆ ಲಕ್ಷ ಎಂದಾಗ ಎದೆ ಹೊಡೆದುಕೊಂಡಿತಲ್ಲ, ಅದು ಅಷ್ಟೂ ಇಂದಿನ ರೂಪಾಯಿ ಅಲ್ಲ. ಜೊತೆಗೆ, ಆ ಮನೆಯಲ್ಲಿ ನೀವು ವಾಸವಾಗಿದ್ದೀರಿ. ಬಾಡಿಗೆ ಉಳಿದಿದೆ. ಹಾಗಾಗಿ ಮನೆ ಸಾಲವೇ ಬೇಡ ಎಂದು ನಾನು ಹೇಳುವುದಿಲ್ಲ. ನಮ್ಮ ಸಂಬಳ ಏರುತ್ತದೆ, ಕಂತು ಮಾತ್ರ ನಿಂತಲ್ಲೇ ನಿಲ್ಲುತ್ತದೆ. ಈ ಅಂತರವನ್ನು ಬಳಸಿಕೊಳ್ಳಬಹುದು.

ಹೇಗೆ ಎಂದರೆ, ಪ್ರತಿ ವರ್ಷ ಕಂತನ್ನು ಶೇಕಡ 5ರಷ್ಟು ಏರಿಸಿ. ಎರಡನೆಯ ವರ್ಷ 26 ಸಾವಿರದ ಬದಲು ಇಪ್ಪತ್ತೇಳು ಸಾವಿರದ ಮುನ್ನೂರು. ಮೂರನೆಯ ವರ್ಷ ಅದರ ಮೇಲೆ ಇನ್ನಷ್ಟು. ಇಪ್ಪತ್ತು ವರ್ಷದ ಸಾಲ ಹನ್ನೆರಡು ವರ್ಷ ಚಿಲ್ಲರೆಗೆ ಮುಗಿಯುತ್ತದೆ. ಬಡ್ಡಿಯಲ್ಲಿ 11 ಲಕ್ಷಕ್ಕೂ ಹೆಚ್ಚು ಉಳಿಯುತ್ತದೆ.

ಎಲ್ಲರಿಗೂ ತಿಂಗಳ ಸಂಬಳ ಇರುವುದಿಲ್ಲ. ಶಿರಸಿ, ತೀರ್ಥಹಳ್ಳಿಯ ಕಡೆ ಅಡಿಕೆ ಮಾರಿದಾಗ ಒಟ್ಟಿಗೆ ಹಣ ಬರುತ್ತದೆ. ನೌಕರಿಯವರಿಗೆ ವೇತನ ಪರಿಷ್ಕರಣೆಯ ಬಾಕಿ ಬರುತ್ತದೆ. ಅಂಥ ಗಂಟು ಹಣವನ್ನು ಸಾಲಕ್ಕೆ ಕಟ್ಟುವುದಾದರೆ ಬೇಗ ಕಟ್ಟಿ. ಹೊಲದ ಕಳೆಯ ಹಾಗೆ, ಎಳೆಯದಿರುವಾಗ ಕಿತ್ತರೆ ಒಂದು ಹಿಡಿ, ಬಲಿತ ಮೇಲೆ ಒಂದು ಹೊರೆ. ಲೆಕ್ಕ ಹೇಳುತ್ತೇನೆ. ಮೊದಲ ವರ್ಷದ ಕೊನೆಗೆ ಒಂದು ಲಕ್ಷ ಹೆಚ್ಚುವರಿ ಕಟ್ಟಿದರೆ ಹದಿನೆಂಟು ಕಂತು ತಪ್ಪುತ್ತವೆ. ಅಂದರೆ ಒಂದು ಲಕ್ಷ ಕಟ್ಟಿ ನಾಲ್ಕೂ ಮುಕ್ಕಾಲು ಲಕ್ಷದ ಹತ್ತಿರ ತಪ್ಪಿಸಿಕೊಂಡಿರಿ. ಅದೇ ಒಂದು ಲಕ್ಷವನ್ನು ಹದಿನೈದನೆಯ ವರ್ಷದ ಕೊನೆಗೆ ಕಟ್ಟಿದರೆ ತಪ್ಪುವುದು ಆರು ಕಂತೂ ಇಲ್ಲ.

ಫ್ಲೋಟಿಂಗ್ ದರದ ಮನೆ ಸಾಲಕ್ಕೆ ಹೀಗೆ ಮುಂಚಿತವಾಗಿ ಕಟ್ಟಿದರೆ ಬ್ಯಾಂಕು ದಂಡ ಹಾಕುವಂತಿಲ್ಲ. 2012ರಿಂದಲೇ ಈ ನಿಯಮ ಇದೆ. ಆದರೆ ಹಣ ಕಟ್ಟಿ ಬರುವಾಗ ಒಂದು ಮಾತು ಬರೆದುಕೊಟ್ಟು ಬನ್ನಿ. ‘ಕಂತು ಹಾಗೇ ಇರಲಿ, ಅವಧಿ ಕಡಿಮೆ ಮಾಡಿ.’ ಹೇಳದೆ ಬಂದರೆ ಕೆಲವೊಮ್ಮೆ ಅವಧಿ ಹಾಗೇ ಇಟ್ಟು ಕಂತನ್ನು ಇಳಿಸಿಬಿಡುತ್ತಾರೆ. ಆಗ ಸಿಗಬೇಕಾದ ಲಾಭದಲ್ಲಿ ದೊಡ್ಡ ಪಾಲು ಜಾರಿ ಹೋಗುತ್ತದೆ.

ಹಾಗೆಂದು ಇದ್ದಬದ್ದದ್ದನ್ನೆಲ್ಲ ಮನೆ ಸಾಲಕ್ಕೆ ಸುರಿಯಬೇಡಿ. ಕ್ರೆಡಿಟ್ ಕಾರ್ಡಿನ ಬಾಕಿ, ಕೈಸಾಲ ಇದ್ದರೆ ಅದು ಮೊದಲು. ಆರು ತಿಂಗಳ ಮನೆಖರ್ಚು ಬೇರೆ ಇಟ್ಟಿರಿ. ಆಸ್ಪತ್ರೆಗೆ ಹಣ ಬೇಕಾದ ದಿನ, ಸಾಲಕ್ಕೆ ಕಟ್ಟಿದ ಹಣವನ್ನು ಬ್ಯಾಂಕು ವಾಪಸು ಕೊಡುವುದಿಲ್ಲ.

ಇನ್ನು ಉಳಿದದ್ದು ಸಾಲ ತೀರಿದ ದಿನದ ಮಾತು. ಕೊನೆಯ ಕಂತು ಕಟ್ಟಿದ ಮೇಲೆ ಬಹಳ ಜನ ಒಂದು ಸಿಹಿ ಹಂಚಿ ಮರೆತುಬಿಡುತ್ತಾರೆ. ಅಲ್ಲಿಗೆ ಮುಗಿಯಲಿಲ್ಲ. ಸಾಲ ಪೂರ್ತಿ ತೀರಿದ 30 ದಿನದೊಳಗೆ ಬ್ಯಾಂಕು ನಿಮ್ಮ ಮೂಲ ಕ್ರಯಪತ್ರ ಮತ್ತು ಇತರ ಕಾಗದಗಳನ್ನು ಹಿಂದಿರುಗಿಸಬೇಕು. ಬ್ಯಾಂಕಿನ ಕಡೆಯಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ. 2023ರ ಡಿಸೆಂಬರ್‌ನಿಂದ ಈ ನಿಯಮ ಜಾರಿಯಲ್ಲಿದೆ. ಬಾಕಿ ಇಲ್ಲ ಎಂಬ ಪತ್ರ ಪಡೆಯಿರಿ. ಅಡಮಾನ ನೋಂದಣಿ ಆಗಿದ್ದರೆ ಉಪನೋಂದಣಾಧಿಕಾರಿ ಕಚೇರಿಯಲ್ಲಿ ಬಿಡುಗಡೆ ಪತ್ರವನ್ನೂ ನೋಂದಣಿ ಮಾಡಿಸಬೇಕು. ಆಮೇಲೆ ನೋಂದಣಿ ಇಲಾಖೆಯ ಕಾವೇರಿ ಜಾಲತಾಣದಲ್ಲಿ ಹೊಸ ಇ.ಸಿ., ಅಂದರೆ ಋಣಭಾರ ಪ್ರಮಾಣಪತ್ರ, ತೆಗೆಸಿ ನೋಡಿ. ಅಡಮಾನದ ಕೆಳಗೆ ಬಿಡುಗಡೆಯ ನಮೂದು ಬಂದಿರಬೇಕು. ಬಂದಿಲ್ಲದಿದ್ದರೆ ಮನೆ ಮಾರುವ ದಿನವೋ, ಮಕ್ಕಳ ಹೆಸರಿಗೆ ಮಾಡುವ ದಿನವೋ ಮತ್ತೆ ಅದೇ ಬ್ಯಾಂಕಿನ ಬಾಗಿಲಿಗೆ ಹೋಗಬೇಕಾದೀತು. ಇಪ್ಪತ್ತು ವರ್ಷದಲ್ಲಿ ಆ ಶಾಖೆ ಯಾವ ಬ್ಯಾಂಕಿನೊಳಗೆ ವಿಲೀನವಾಗಿರುತ್ತದೋ ಹೇಳಲಾಗದು.